ಮೂರನೇ ಗಂಟೆ

2008ರ ನವೆಂಬರ್ 9, ಭಾನುವಾರ. ಬೆಳಿಗ್ಗೆ ಏಳು ಗಂಟೆ. ಸ್ಥಳ, ಸ್ವೀಡನ್ನಿನ ಸೊಲ್ಲೆಂಟುನಾದಲ್ಲಿ ನಾವಿರುವ ಕಟ್ಟಡದ ನೆಲಮಾಳಿಗೆಯ ಬಟ್ಟೆ ಒಗೆಯುವ ಕೋಣೆ. ಹಾಜರಿದ್ದವರು ಇಬ್ಬರು: ನಾನು ಮತ್ತು ಮೂರನೇ ಮಹಡಿಯ ಸ್ವೀಡಿಷ್ ಹೆಂಗಸು. ಗೈರುಹಾಜರು ಒಬ್ಬರು. ಬರೆಯುತ್ತಿರುವುದು ಆಕೆಯ ಬಗ್ಗೆ.

ನಾನು ಇಪ್ಪತ್ತೊಂಬತ್ತು ವರ್ಷ ಸರ್ಕಾರಿ ಬಾಲಕಿಯರ ಹಾಸ್ಟೆಲ್‌ಗಳಲ್ಲಿ ವಾರ್ಡನ್ ಆಗಿದ್ದವಳು. ದಿನಾಂಕ, ವೇಳೆ, ಹಾಜರಿ ಬರೆಯದೆ ನನ್ನ ಪೆನ್ನು ಮುಂದಕ್ಕೆ ಹೋಗುವುದಿಲ್ಲ. ನಿವೃತ್ತಿಯ ನಂತರ ಮಗಳ ಮನೆಗೆ ಬಂದೆ. ಮಗಳು ಫ್ಲೆಮಿಂಗ್ಸ್‌ಬೆರ್ಯ್‌ನ ಆಸ್ಪತ್ರೆಯಲ್ಲಿ ಸಂಶೋಧನೆ ಮಾಡುತ್ತಾಳೆ. ಬೆಳಿಗ್ಗೆ ರೈಲು ಹತ್ತಿದರೆ ಸಂಜೆಯೇ ಬರುವುದು. ಅಳಿಯನದೂ ಹಾಗೆಯೇ. ಮೊಮ್ಮಗ ಒಬ್ಬ.

ನಿನ್ನೆ ಮಧ್ಯಾಹ್ನ ಊರಿನಿಂದ ಫೋನು ಬಂತು. ಹದಿಮೂರು ವರ್ಷದ ಹುಡುಗಿಯ ದನಿ. "ಅಮ್ಮಾರೆ, ಅವ್ವ ತೀರ್ಕೊಂಡ್ಳ್ರಿ. ಬುಧವಾರ. ನಿಮಗ ಹೇಳಬೇಕಂತ ದೊಡ್ಡ ಮೇಡಮ್ಮೋರು ನಂಬರ್ ಕೊಟ್ರು." ಈ ಹುಡುಗಿಯ ಮೂರು ಹೊತ್ತಿನ ಊಟ ತಪ್ಪಬಾರದೆಂದೇ ಅವಳ ತಾಯಿ ನಮ್ಮ ಕಟ್ಟಡದಲ್ಲಿ ಏಳು ತಿಂಗಳು ಬಾಯಿ ಬಿಡದೆ ದುಡಿದಳು. ಆ ಏಳು ತಿಂಗಳಲ್ಲಿ ಕೊನೆಯ ಮೂರು ನನ್ನ ಲೆಕ್ಕಕ್ಕೆ ಸೇರಬೇಕು.

ಎಲ್ಲರೂ ಆಕೆಯನ್ನು ಅಕ್ಕ ಎನ್ನುತ್ತಿದ್ದರು. ನಮ್ಮದೇ ಕಟ್ಟಡದ ಇನ್ನೊಂದು ಮೆಟ್ಟಿಲಿನ ಕಡೆ ಬೆಂಗಳೂರಿನ ಸಂಸಾರವೊಂದಿತ್ತು. ಗಂಡ ಹೆಂಡತಿ ಇಬ್ಬರೂ ಕೆಲಸಕ್ಕೆ ಹೋಗುವವರು, ಎರಡು ಚಿಕ್ಕ ಮಕ್ಕಳು. 2005ರ ಶರತ್ಕಾಲದಲ್ಲಿ ಊರಿಗೆ ಹೋಗಿ ಬರುವಾಗ ಆಕೆಯನ್ನು ಕರೆತಂದರು. ಹೆಸರು ಹೇಳಿದ ನೆನಪಿಲ್ಲ. ನಾವು ಯಾರೂ ಕೇಳಲೂ ಇಲ್ಲ.

ನನಗೂ ಆಕೆಗೂ ಪರಿಚಯವಾದದ್ದು ಈ ಒಗೆಯುವ ಕೋಣೆಯಲ್ಲಿ. ಇಡೀ ಸ್ವೀಡನ್ನಿನಲ್ಲಿ ನನಗೆ ಮೊದಲ ದಿನವೇ ಅರ್ಥವಾದ ಜಾಗ ಇದೊಂದೇ. ಗೋಡೆಯ ಮೇಲೆ ತಿಂಗಳ ಫಲಕ, ಪ್ರತಿ ಮನೆಗೂ ಸಂಖ್ಯೆ ಬರೆದ ಪುಟ್ಟ ಬೀಗ. ಬೇಕಾದ ಹೊತ್ತಿನ ತೂತಿಗೆ ಬೀಗ ಸಿಕ್ಕಿಸಿದರೆ ಆ ಮೂರು ಗಂಟೆ ನಮ್ಮದು. ಮುಗಿದ ಮೇಲೆ ಯಂತ್ರ ಒರೆಸಬೇಕು, ಜಾಲರಿಯ ನೂಲು ತೆಗೆಯಬೇಕು, ನೆಲ ಗುಡಿಸಬೇಕು. ನನ್ನದು ಭಾನುವಾರ ಏಳರಿಂದ ಹತ್ತು. ಒಂದು ವಾರವೂ ತಪ್ಪಿಸಿದವಳಲ್ಲ.

ಪರಿಚಯವಾದ ಆ ಭಾನುವಾರ ಜಾಲರಿಯಲ್ಲಿ ಯಾರದೋ ನೂಲು ಹಾಗೇ ಉಳಿದಿತ್ತು. "ಯಾವ ಮಹಾರಾಯರು ಬಿಟ್ಟು ಹೋದ್ರೋ" ಎಂದು ಗೊಣಗುತ್ತಿದ್ದೆ. ಬಾಗಿಲ ಬಳಿಯಿಂದ ದನಿ ಬಂತು.

"ಅಮ್ಮಾರೆ, ಕನ್ನಡದೋರೇನ್ರಿ? ಬಿಡ್ರಿ, ನಾ ತಗೀತೀನಿ."

ಸಣಕಲು ಹೆಂಗಸು, ನಲವತ್ತರ ಆಸುಪಾಸು. ಸೀರೆಯ ಮೇಲೆ ಗಂಡಸರ ಸ್ವೆಟರ್. ಕೈಯಲ್ಲಿ ಮೂರು ಚೀಲ ಬಟ್ಟೆ. ಮೂರು ಮನೆಯದೆಂದು ನನಗೆ ಗೊತ್ತಾದದ್ದು ಆಮೇಲೆ. "ಎರಡು ಮಷೀನ್ ಅದಾವಲ್ರಿ. ನಿಮ್ಮದು ಒಂದರಾಗ ಹಿಡಿದ್ರ, ಇನ್ನೊಂದು ನನಗ ಕೊಡ್ತೀರೇನ್ರಿ?"

ನಿಯಮದ ಪ್ರಕಾರ ಕೊಡಬಾರದು. ಕೊಟ್ಟೆ. ಬದಲಿಗೆ ಆಕೆ ನನ್ನ ಹಾಸುಗಳನ್ನು ಮಡಚಿಟ್ಟಳು. ನಾಲ್ಕು ಮೂಲೆಗೂ ಎಲಾಸ್ಟಿಕ್ ಇರುವ ಆ ದರಿದ್ರ ಹಾಸನ್ನು ಗಲ್ಲಕ್ಕೆ ಒತ್ತಿ ಹಿಡಿದು, ಎರಡು ಸಲ ಕೊಡವಿ, ಪುಸ್ತಕದ ಹಾಗೆ ಚೌಕವಾಗಿ ಮೇಜಿನ ಮೇಲಿಟ್ಟಳು. ಇಪ್ಪತ್ತೊಂಬತ್ತು ವರ್ಷ ಹುಡುಗಿಯರಿಗೆ ಹಾಸಿಗೆ ಮಡಚಲು ಕಲಿಸಿದವಳು ನಾನು. ಆ ಚೌಕ ನನಗೆ ಒಂದು ಸಲವೂ ಬಂದಿರಲಿಲ್ಲ.

"ಎಲ್ಲಿ ಕಲಿತೆ?"

"ಎಲ್ಲೂ ಇಲ್ರಿ. ಸರಿ ಮಡಚಲಿಲ್ಲಂದ್ರ ಮತ್ತ ಮಡಚಬೇಕಾಗ್ತೈತಲ್ರಿ."

ಮನೆಗೆ ಬಂದಾಗ ಮಗಳು, "ಅಮ್ಮಾ, ಈ ಸಲ ಶೀಟ್ಸ್ ಎಷ್ಟು ನೀಟಾಗಿ ಮಡಚಿದೀಯಾ!" ಎಂದಳು. ನಾನಲ್ಲ ಎಂದು ಹೇಳಲಿಲ್ಲ. ಹೊಟ್ಟೆಕಿಚ್ಚು ಶುರುವಾದದ್ದು ಅಲ್ಲಿಂದಲೇ.

ಮುಂದಿನದು ಮೊಮ್ಮಗನ ಸರದಿ. ಆಗ ಅವನಿಗೆ ನಾಲ್ಕು ವರ್ಷ. ದಾಗಿಸ್‌ನಲ್ಲಿ, ಅಂದರೆ ಇಲ್ಲಿಯ ಶಿಶುವಿಹಾರದಲ್ಲಿ, ಆಲೂಗಡ್ಡೆ ತಿಂದು ಬರುತ್ತಿದ್ದ ಹುಡುಗ ನನ್ನ ಸಾರು ಅನ್ನಕ್ಕೆ ಬಾಯಿ ತೆರೆಯುತ್ತಿರಲಿಲ್ಲ. ಗಡಿಯಾರ ಇಟ್ಟುಕೊಂಡು ಇಪ್ಪತ್ತು ನಿಮಿಷ ಕಾಯುತ್ತಿದ್ದೆ, ಆಮೇಲೆ ತಟ್ಟೆ ಎತ್ತುತ್ತಿದ್ದೆ. ಶಿಸ್ತು ಕಲಿಯಲಿ ಎಂದು. ಒಂದು ಭಾನುವಾರ ಅವನನ್ನೂ ಕೆಳಗೆ ಕರೆದೊಯ್ದಿದ್ದೆ. ಅಕ್ಕ ಅವನನ್ನು ತಿರುಗುತ್ತಿದ್ದ ಯಂತ್ರದ ಮೇಲೆ ಕೂರಿಸಿ, ನಾನು ತಂದಿದ್ದ ಡಬ್ಬಿಯಿಂದಲೇ, ನಾನು ಕಲಸಿದ್ದ ಅದೇ ಅನ್ನವನ್ನು ತುತ್ತು ಮಾಡಿ ಕೊಟ್ಟಳು. ಯಂತ್ರ ಗಡಗಡ ಎಂದಾಗೊಂದು ತುತ್ತು, ನಿಂತಾಗೊಂದು ತುತ್ತು. ಡಬ್ಬಿ ಖಾಲಿಯಾಯಿತು. ಆಕೆ ಅವನ ಗಂಟಲನ್ನೇ ನೋಡುತ್ತಿದ್ದಳು. ನುಂಗಿದ್ದು ಖಚಿತವಾದ ಮೇಲೆಯೇ ಮುಂದಿನ ತುತ್ತು. ಕೊನೆಗೆ ಡಬ್ಬಿಯ ಅಂಚಿಗಂಟಿದ ನಾಲ್ಕು ಅಗುಳನ್ನು ಬೆರಳಿನಿಂದ ಒತ್ತಿ ತೆಗೆದು ತನ್ನ ಬಾಯಿಗೆ ಹಾಕಿಕೊಂಡಳು. ಬೇಗ, ನಾನು ನೋಡಲಿಲ್ಲ ಎಂದುಕೊಂಡು.

ನೋಡಿದ್ದೆ. ನನಗೆ ಆ ಕ್ಷಣ ಕಂಡದ್ದು ಒಂದೇ: ಮೊಮ್ಮಗ ಆಕೆಯ ಕೈಯಿಂದ ಉಂಡ, ನನ್ನ ಕೈಯಿಂದ ಉಣ್ಣಲಿಲ್ಲ.

ಮಗಳಿಗೆ ವಿಷಯ ಗೊತ್ತಾಗಿ, ಆ ಸಂಸಾರವನ್ನು ಕೇಳಿ, ಶನಿವಾರದ ಮಟ್ಟಿಗೆ ಆಕೆಯನ್ನು ನಮ್ಮ ಮನೆಗೂ ಕರೆಸಲು ಶುರು ಮಾಡಿದಳು. "ಅಕ್ಕ ಬಂದು ರೊಟ್ಟಿ ಮಾಡ್ತಾರಮ್ಮ, ನೀನು ರೆಸ್ಟ್ ತಗೋ." ನನ್ನ ಅರವತ್ತೈದು ವರ್ಷದಲ್ಲಿ ಯಾರೂ ನನಗೆ ಇಂಥ ಪೆಟ್ಟು ಕೊಟ್ಟಿರಲಿಲ್ಲ. ಶನಿವಾರ ಹಾಲ್‌ನಲ್ಲಿ ಕೂತು ಕೈ ಕಟ್ಟಿಕೊಂಡು, ಅಡುಗೆಮನೆಯಿಂದ ಬರುವ ರೊಟ್ಟಿ ಬಡಿಯುವ ಸದ್ದು ಕೇಳುತ್ತಿದ್ದೆ. ಆ ಮನೆಯವರು ಆಕೆಯನ್ನು ಹೀಗೆ ನಾಲ್ಕು ಮನೆಗೆ ಕಳಿಸುತ್ತಿದ್ದರು, ಸಕ್ಕರೆ ಡಬ್ಬಿ ಕೊಟ್ಟು ಕಳಿಸಿದ ಹಾಗೆ. ಯಾರ ಮನೆಯಲ್ಲಿ ಆಕೆ ಉಣ್ಣುತ್ತಾಳೆ ಎಂಬುದನ್ನು ಪ್ರತಿ ಮನೆಯೂ ಇನ್ನೊಂದಕ್ಕೆ ಬಿಟ್ಟಿತ್ತು. ನಮ್ಮ ಮನೆಯೂ.

ಇಲ್ಲಿಯ ಕನ್ನಡದ ಸಂಸಾರಗಳು ತಿಂಗಳಿಗೊಮ್ಮೆ ರೈಲು ನಿಲ್ದಾಣದ ಹತ್ತಿರದ ಒಂದು ಸಭಾಂಗಣದಲ್ಲಿ ಸೇರುತ್ತೇವೆ. ಮನೆಗೊಂದು ತಿನಿಸು ತರುವುದು, ಎರಡು ಪಂಕ್ತಿಯಲ್ಲಿ ಊಟ. ಯಾರು ಬಡಿಸಬೇಕು, ಯಾರು ಪಾತ್ರೆ ತೊಳೆಯಬೇಕು ಎಂಬ ಪಟ್ಟಿ ನನ್ನದು. ಆ ಡಿಸೆಂಬರಿನಲ್ಲಿ ಆಕೆ ನಲವತ್ತು ಜನಕ್ಕೆ ಹೋಳಿಗೆ ಮಾಡಿದಳು. ಕೂರಲಿಲ್ಲ. ಎರಡೂ ಪಂಕ್ತಿಗೆ ಬಡಿಸಿದಳು. "ಅಕ್ಕಾ, ಬನ್ನಿ, ಕೂತ್ಕೊಳ್ಳಿ" ಎಂದು ಯಾರೋ ಅಂದರೆ "ನಿಮ್ಮದಾಗಲ್ರಿ" ಎಂದಳು.

"ಎಷ್ಟು ಸಂಸ್ಕಾರ ನೋಡಿ ಆಂಟಿ," ಎಂದರು ನನ್ನ ಪಕ್ಕದವರು. "ನಮ್ಮಜ್ಜಿನೂ ಹಿಂಗೇ, ಎಲ್ಲರದೂ ಆಗೋವರ್ಗೂ ಒಂದು ತೊಟ್ಟು ನೀರು ಕುಡೀತಿರ್ಲಿಲ್ಲ."

ಎಲ್ಲರೂ ಹೌದು ಹೌದು ಎಂದರು. ಇದು ನಮ್ಮವರು ಮಾತ್ರ ಮಾಡಬಲ್ಲ ತಪ್ಪು. ಉಣ್ಣದೆ ನಿಂತ ಹೆಂಗಸನ್ನು ಕಂಡರೆ ನಮಗೆ ಹಸಿವು ಕಾಣುವುದಿಲ್ಲ, ಒಳ್ಳೆಯ ಮನೆತನ ಕಾಣುತ್ತದೆ.

ಆಕೆಯನ್ನು ಕರೆತಂದ ಆ ಮನೆಯ ಒಡತಿ ಹೆಮ್ಮೆಯಿಂದ ಹೇಳಿದಳು: "ಅಕ್ಕ ನಮ್ಮನೆ ಫ್ಯಾಮಿಲಿ ಮೆಂಬರ್ ಥರಾನೇ ಆಂಟಿ. ನಾವು ಕರ್ಕೊಂಡ್ ಬರ್ದೇ ಇದ್ದಿದ್ರೆ ಪಾಪ, ಅಲ್ಲಿ ಊಟಕ್ಕೂ ಗತಿ ಇರ್ಲಿಲ್ಲ." ತಕ್ಷಣ ಹಿಂದಕ್ಕೆ ತಿರುಗಿ, "ಅಕ್ಕಾ, ಆ ಕುಕ್ಕರ್ ಇನ್ನೂ ತೊಳ್ದಿಲ್ವಾ? ಬೇಗ ತೊಳಿ."

ಅವಳು ಹೇಳಿದ್ದು ಸುಳ್ಳಲ್ಲ. ಗತಿ ಇರಲಿಲ್ಲ ನಿಜ. ಆ ನಿಜದ ಮೇಲೆಯೇ ಉಳಿದದ್ದೆಲ್ಲ ನಿಂತಿತ್ತು. ಹಸಿದವಳಿಗೆ ಒಂದು ಸಲ ಅನ್ನ ಹಾಕಿದವರು ಅವಳ ಬೆಳಗು ಸಂಜೆಗಳನ್ನೆಲ್ಲ ತಮ್ಮದೆಂದುಕೊಳ್ಳಬಹುದು, ಯಾರೂ ತಪ್ಪೆನ್ನುವುದಿಲ್ಲ. ಹಸಿದವಳೂ ತಪ್ಪೆನ್ನುವುದಿಲ್ಲ.

ಎಲ್ಲ ಮುಗಿದ ಮೇಲೆ ಆಕೆ ಅಡುಗೆಮನೆಯಲ್ಲಿ ಗೋಡೆಗೆ ಮುಖ ಮಾಡಿ ನಿಂತು ಉಂಡಳು. ಎಡತೋಳು ತಟ್ಟೆಯ ಸುತ್ತ ಬಳಸಿತ್ತು, ಯಾರೋ ಕಿತ್ತುಕೊಳ್ಳುತ್ತಾರೆ ಎಂಬಂತೆ. ಆ ತೋಳು ನನಗೆ ಗೊತ್ತು. ಪ್ರತಿ ಜೂನ್ ತಿಂಗಳು ಹಾಸ್ಟೆಲ್‌ಗೆ ಹೊಸದಾಗಿ ಬರುತ್ತಿದ್ದ ಹುಡುಗಿಯರಲ್ಲಿ ಏಳೆಂಟು ಜನ ಹಾಗೆಯೇ ಉಣ್ಣುತ್ತಿದ್ದರು. ದಿಂಬಿನ ಕೆಳಗೆ ಚಪಾತಿ ಬಚ್ಚಿಡುತ್ತಿದ್ದರು. ಅಂಥವರನ್ನು ಅರ್ಧ ಗಂಟೆಯಲ್ಲಿ ಗುರುತಿಸಿ, ಅಡುಗೆಯವರಿಗೆ ಹೇಳಿ, ಪಕ್ಕದಲ್ಲೇ ಕೂತು ಉಣ್ಣಿಸುತ್ತಿದ್ದೆ. ಇಲಾಖೆಯಲ್ಲಿ ನನಗೆ ಹೆಸರಿದ್ದದ್ದೇ ಅದಕ್ಕೆ.

ಅಂದು ಆ ತೋಳನ್ನು ನೋಡಿ, ಪಟ್ಟಿ ತೆಗೆದು, ಮುಂದಿನ ತಿಂಗಳಿನ ನೆಲ ಒರೆಸುವ ಸಾಲಿನಲ್ಲಿ "ಅಕ್ಕ" ಎಂದು ಬರೆದೆ. ಹೋಳಿಗೆಗೆ ಬಿದ್ದ ಚಪ್ಪಾಳೆ ಇನ್ನೂ ಕಿವಿಯಲ್ಲಿತ್ತು.

ಭಾನುವಾರಗಳು ಮಾತ್ರ ತಪ್ಪಲಿಲ್ಲ. ಯಂತ್ರ ತಿರುಗುವಷ್ಟು ಹೊತ್ತು ಇಬ್ಬರೂ ಬೆಂಚಿನ ಮೇಲೆ ಕೂರುತ್ತಿದ್ದೆವು. ಆಕೆಗೆ ನನ್ನಿಂದ ಬೇಕಾಗಿದ್ದದ್ದು ಒಂದೇ.

"ನಿಮ್ಮ ಹಾಸ್ಟೆಲ್ ಹೇಳ್ರಿ ಅಮ್ಮಾರೆ."

"ಏನು ಹೇಳೋದು? ಐದೂವರೆಗೆ ಏಳೋದು. ಆರೂವರೆಯೊಳಗೆ ಸ್ನಾನ. ಎಂಟಕ್ಕೆ ತಿಂಡಿ. ಒಂದಕ್ಕೆ ಊಟದ ಮೊದಲ ಗಂಟೆ."

"ಎರಡನೇದು?"

"ಒಂದೂ ಕಾಲಿಗೆ. ಇನ್ನೂ ಬೇಕು ಅನ್ನೋರಿಗೆ ಮತ್ತೆ ಬಡಿಸೋದು. ಯಾಕೆ ಅಂತ ಕೇಳಬಾರದು. ಅದು ನಾನೇ ಮಾಡಿದ ನಿಯಮ."

"ಯಾಕಂತ ಕೇಳಂಗಿಲ್ಲೇನ್ರಿ?" ಆಕೆ ಕಣ್ಣು ಮುಚ್ಚಿಕೊಂಡಿರುತ್ತಿದ್ದಳು. "ಅದೊಂದು ಮತ್ತೊಮ್ಮೆ ಹೇಳ್ರಿ."

ನನ್ನ ಮಗಳಿಗೂ ಬೇಡವಾಗಿದ್ದ ವೇಳಾಪಟ್ಟಿಯನ್ನು ಈಕೆ ಕಥೆ ಕೇಳಿದ ಹಾಗೆ ಕೇಳುತ್ತಿದ್ದಳು. ಬೆಣ್ಣೆ ಹಚ್ಚುತ್ತಿದ್ದಾಳೆ ಎಂದುಕೊಂಡೆ. ಒಂದು ದಿನ ಕೇಳಿದಳು:

"ಅಡಗಿ ಮಾಡಾಕಿ ಯಾವಾಗ ಉಣ್ತಾಳ್ರಿ?"

"ಅವಳೇನು, ಅಡುಗೆಮನೆಯಲ್ಲೇ ಇರ್ತಾಳಲ್ಲ. ಯಾವಾಗ ಬೇಕಾದ್ರೂ."

ಆಕೆ ನಕ್ಕಳು. "ಯಾವಾಗ ಬೇಕಾದ್ರೂ ಅಂದ್ರ ಯಾವಾಗೂ ಇಲ್ಲ ಅಂದಂಗ್ರಿ."

ನನ್ನ ವೇಳಾಪಟ್ಟಿಯಲ್ಲಿ ತಪ್ಪು ಹುಡುಕಿದವಳು ಆಕೆ ಒಬ್ಬಳೇ. ಅದಕ್ಕೂ ಸಿಟ್ಟು ಬಂತು.

ಜನವರಿಯ ಒಂದು ಭಾನುವಾರ, ಬಟ್ಟೆ ಮಡಚುತ್ತ, ನನ್ನ ಮುಖ ನೋಡದೆ ಕೇಳಿದಳು. "ಹನ್ನೊಂದು ವರ್ಷದ ಹುಡುಗಿ ಇದ್ರ ನಿಮ್ಮ ಹಾಸ್ಟೆಲ್‌ನಾಗ ತಗೋತಾರೇನ್ರಿ? ನನ್ನ ಮಗಳು. ಇವರ ತಾಯಿ ಮನ್ಯಾಗ ಅದಾಳ, ಬೆಂಗ್ಳೂರಾಗ. ಮೂರು ಹೊತ್ತು ಉಣ್ಣಾಕ ಹಾಕಿ ಸಾಲಿಗೆ ಕಳಿಸ್ತೀವಿ ಅಂದಾರ. ಅಕಿ ಒಂದ್ ಕಡಿ ನಿಂತ್ರ, ನಾನು..."

ಹಾಸಿನ ಇನ್ನೊಂದು ಮೂಲೆ ಹಿಡಿದಳು. ಮುಂದಿನದನ್ನು ಹೇಳುವುದು ಬೇಕಿರಲಿಲ್ಲ.

ಅದರ ಹಿಂದಿನ ಶುಕ್ರವಾರ ಮೊಮ್ಮಗ ದಾಗಿಸ್‌ನಲ್ಲಿ ತನ್ನ ಮನೆಯವರ ಚಿತ್ರ ಬರೆದು ತಂದಿದ್ದ. ಅಪ್ಪ, ಅಮ್ಮ, ತಾನು, ಜೊತೆಗೆ ಹಳದಿ ಸೀರೆಯ ಅಕ್ಕ. ನಾನು ಅದರಲ್ಲಿರಲಿಲ್ಲ. "ಅಜ್ಜಿ ಎಲ್ಲೋ?" ಎಂದರೆ "ಜಾಗ ಇರ್ಲಿಲ್ಲ" ಎಂದ. ಆ ಕಾಗದ ಎರಡು ದಿನದಿಂದ ಫ್ರಿಜ್ಜಿನ ಬಾಗಿಲ ಮೇಲಿತ್ತು.

ನಾನು ಅಂದೆ: "ಪ್ರವೇಶ ಜೂನ್‌ನಲ್ಲಿ. ಅರ್ಜಿ ಹಾಕಬೇಕು, ಜಾತಿ ಪತ್ರ, ಆದಾಯ ಪತ್ರ, ಟಿ.ಸಿ. ಎಲ್ಲ ಬೇಕು. ನಡುವರ್ಷದಲ್ಲಿ ಆಗಲ್ಲ."

"ಹೌದೇನ್ರಿ," ಎಂದಳು. ಹಾಸನ್ನು ಚೌಕ ಮಾಡಿ ಮೇಜಿನ ಮೇಲಿಟ್ಟಳು.

ಗತಿಯಿಲ್ಲದ ಹುಡುಗಿಯರಿಗೆಂದು ನಡುವರ್ಷದಲ್ಲೂ ಎರಡು ಜಾಗ ಖಾಲಿ ಇಡುವ ಪದ್ಧತಿ ಹಾಕಿದವಳು ನಾನೇ. ನನ್ನ ಕೈಕೆಳಗೆ ತಯಾರಾದವಳೇ ಈಗ ಅಲ್ಲಿ ವಾರ್ಡನ್. ಒಂದು ಫೋನಿನ ಕೆಲಸ. ಮಾಡಲಿಲ್ಲ.

ಮೂರನೇ ಮಹಡಿಯ ಹೆಂಗಸು ಶಾಲೆಯೊಂದರ ಅಡುಗೆಮನೆಯಲ್ಲಿ ದುಡಿದು ನಿವೃತ್ತರಾದವರು. ನನ್ನ ವಯಸ್ಸೇ. ಭಾನುವಾರ ಬೆಳಿಗ್ಗೆ ಫ್ಲಾಸ್ಕಿನಲ್ಲಿ ಕಾಫಿ, ದಾಲ್ಚಿನ್ನಿ ಹಾಕಿದ ಬನ್ನು ತಂದು ನಮ್ಮ ಜೊತೆ ಕೂರುವುದನ್ನು ಅಭ್ಯಾಸ ಮಾಡಿಕೊಂಡರು. ಅವರಿಗೂ ಅಕ್ಕನಿಗೂ ಸಮಾನವಾಗಿ ಗೊತ್ತಿದ್ದ ಮಾತು ಒಂದೂ ಇರಲಿಲ್ಲ. ಆದರೂ ಇಬ್ಬರೂ ಹಾಸಿನ ಎರಡೆರಡು ತುದಿ ಹಿಡಿದು ನಗುತ್ತಿದ್ದರು. ನಾನು ಇಂಗ್ಲಿಷ್ ಬಲ್ಲವಳು, ನನ್ನ ಜೊತೆ ಅವರು ಹಾಗೆ ನಕ್ಕವರಲ್ಲ.

ಅಕ್ಕ ಬನ್ನಿನ ಅರ್ಧ ತಿಂದು ಅರ್ಧವನ್ನು ಸೆರಗಿಗೆ ಕಟ್ಟಿಕೊಳ್ಳುತ್ತಿದ್ದಳು. ಅವರು ಇನ್ನೊಂದು ಕೊಟ್ಟರು. ಅದರಲ್ಲೂ ಅರ್ಧ ಕಟ್ಟಿಕೊಂಡಳು. ಮುಂದಿನ ವಾರ ಮೂರು ತಂದರು. ಮೂರು ಅರ್ಧಗಳು ಗಂಟಾದವು.

ಆಕೆ ಬಕೆಟ್ ತರಲು ಹೋದಾಗ ಅವರು ನನ್ನನ್ನು ಕೇಳಿದರು. "ಯಾಕೆ ಹಾಗೆ ಮಾಡುತ್ತಾಳೆ?"

"ಅದು ನಮ್ಮ ಪದ್ಧತಿ," ಎಂದೆ. "ನಮ್ಮ ಹೆಂಗಸರು ಸಂಕೋಚದವರು."

ಅವರು ಫ್ಲಾಸ್ಕು ಕೆಳಗಿಟ್ಟು, "ಅಲ್ಲ," ಎಂದರು. "ನಾನು ಮೂವತ್ತು ವರ್ಷ ಮಕ್ಕಳಿಗೆ ಬಡಿಸಿದ್ದೇನೆ. ಇದು ಪದ್ಧತಿ ಅಲ್ಲ. ರಾತ್ರಿಗೆ ಊಟ ಸಿಗುತ್ತದೋ ಇಲ್ಲವೋ ಗೊತ್ತಿಲ್ಲದವರು ಹೀಗೆ ಮಾಡುತ್ತಾರೆ."

ಕನ್ನಡ ಬಾರದ, ನಮ್ಮ ಸಂಸ್ಕಾರ ಗೊತ್ತಿಲ್ಲದ ಹೆಂಗಸು. ಅದಕ್ಕೇ ಅವರಿಗೆ ಕಂಡಿತು. ಬಡಿಸಿದ ವರ್ಷಗಳ ಲೆಕ್ಕದಲ್ಲಿ ನಾನೇನೂ ಕಡಿಮೆಯಲ್ಲ. ಆದರೂ ಅವರ ಮೇಲೂ ಹೊಟ್ಟೆಕಿಚ್ಚು ಪಟ್ಟೆ.

ಅವರು ಕೊಮ್ಯೂನ್‌ಗೆ ಫೋನು ಮಾಡಿದರು. ಕೊಮ್ಯೂನ್ ಎಂದರೆ ನಮ್ಮಲ್ಲಿಯ ಪುರಸಭೆಯ ಹಾಗೆ. ಕಷ್ಟದಲ್ಲಿರುವವರನ್ನು ನೋಡಿಕೊಳ್ಳುವ ಕಚೇರಿಯೂ ಅದರೊಳಗೇ. ಏಪ್ರಿಲ್‌ನ ಒಂದು ಮಂಗಳವಾರ ಬೆಳಿಗ್ಗೆ ಹತ್ತಕ್ಕೆ ಅಲ್ಲಿಂದ ಇಬ್ಬರು ಹೆಂಗಸರು ಮೂರನೇ ಮಹಡಿಗೆ ಬಂದರು. ಮೂರನೇ ಮಹಡಿಯವರೇ ಪರದೆ ಇಳಿಸಲು ಸಹಾಯ ಬೇಕೆಂದು ಕೈಸನ್ನೆಯಲ್ಲಿ ಹೇಳಿ ಅಕ್ಕನನ್ನು ಕರೆಸಿದ್ದರು. ಕನ್ನಡದ ದುಭಾಷಿ ಅಷ್ಟು ಬೇಗ ಸಿಕ್ಕಿರಲಿಲ್ಲ. ನನ್ನನ್ನು ಕೂರಿಸಿದರು.

ಅಕ್ಕ ಮೊದಲು ಹೇಳಿದ್ದು: "ನಾ ಅವರ ಸಂಬಂಧಿ ಅಂತ ಹೇಳ್ರಿ ಅಮ್ಮಾರೆ. ಆರಾಮ ಅದೀನಿ ಅನ್ರಿ."

ಅನುವಾದಿಸಲು ಬಾಯಿ ತೆರೆದೆ. ಆಕೆಯ ಎಡತೋಳು ಮೇಜಿನ ಮೇಲೆ ಕಾಫಿ ಬಟ್ಟಲನ್ನು ಬಳಸಿಕೊಂಡಿತ್ತು. ಬಾಯಿ ಮುಚ್ಚಿದೆ.

"ಪಾಸ್‌ಪೋರ್ಟ್ ಎಲ್ಲಿದೆ?" ಎಂದೆ.

"ಅವರ ಹತ್ರ ಜ್ವಾಪಾನ ಐತ್ರಿ."

"ರಾತ್ರಿ ಏನು ಉಂಡಿ?"

ಆಕೆ ಬಟ್ಟಲನ್ನು ಇನ್ನಷ್ಟು ಹತ್ತಿರಕ್ಕೆ ಎಳೆದುಕೊಂಡಳು. ಆಮೇಲೆ ಸಣ್ಣ ದನಿಯಲ್ಲಿ: "ಅಮ್ಮಾರೆ, ನಾ ಇಲ್ಲಿ ಒಂದು ಮಾತು ಆಡಿದ್ರ ಅಲ್ಲಿ ನನ್ನ ಮಗಳ ಮುಂದಿನ ತಟ್ಟಿ ಎತ್ತಿಡ್ತಾರ್ರಿ. ನೀವು ಹೇಳ್ತಿದ್ರಲ್ಲ, ಎರಡನೇ ಗಂಟಿ. ಅದು ಖರೇನೇನ್ರಿ? ಇಲ್ಲಾ ಮಷೀನ್ ನಿಲ್ಲೂತನಕ ಹೊತ್ತು ಹೋಗಲಿ ಅಂತ ಹೇಳಿದ್ರೋ?"

"ಖರೆ."

"ಜೂನ್ ತನಕ ಆಗಂಗಿಲ್ಲ ಅಂದಿದ್ರಿ."

"ಆಗುತ್ತೆ. ಜಾಗ ಇದೆ. ಇವತ್ತೇ ಇದೆ."

ಇದೆಯೋ ಇಲ್ಲವೋ ನನಗೆ ಗೊತ್ತಿರಲಿಲ್ಲ. ಆಕೆ ನನ್ನ ಮುಖವನ್ನು ನೋಡಿದಳು, ಮೊಮ್ಮಗನ ಗಂಟಲು ನೋಡುತ್ತಿದ್ದಂತೆ. "ಹಂಗಾರ ಬರಕೋರಿ ಅನ್ರಿ ಅವರಿಗೆ," ಎಂದಳು.

ಬೆಳಿಗ್ಗೆ ನಾಲ್ಕೂವರೆಗೆ ಏಳುವುದು, ನಾಲ್ಕು ಮನೆಯ ಕೆಲಸ, ಒಗೆಯದ ಬಟ್ಟೆಯ ಮೂಟೆಗಳ ಪಕ್ಕ ಮಲಗುವುದು, ಉಳಿದದ್ದಿದ್ದರೆ ಊಟ. ಒಂದೊಂದನ್ನೂ ನಾನು ಇಂಗ್ಲಿಷಿಗೆ ತಿರುಗಿಸಿದೆ. ಶನಿವಾರ ನಮ್ಮ ಮನೆ ಎಂದೂ ಹೇಳಿದೆ. ಬಂದವರಲ್ಲಿ ಕಿರಿಯಳು ಕೇಳಿದಳು: ಹೊರಡುವ ಮುಂಚೆ ಏನು ಕೆಲಸ, ಎಷ್ಟು ದಿನ ಎಂದು ಯಾಕೆ ಕೇಳಲಿಲ್ಲ?

ಅಕ್ಕ ಉತ್ತರಿಸಿದಳು. "ಮನಿಯವ ಕಲ್ಲಿನ ಕ್ವಾರಿಯಾಗ ಸತ್ತ ಮ್ಯಾಲ ನಾನೂ ಮಗಳೂ ಎರಡು ದಿನಕ್ಕೊಮ್ಮೆ ಉಂಡೀವ್ರಿ. ಕಡೀಕ ಅಕಿ ಅಳೂದ ಬಿಟ್ಟಿದ್ಲು. ಅಳಾಕೂ ತ್ರಾಣ ಬೇಕಲ್ರಿ. ಆಗ ಇವರು ಬಂದು ಮೂರು ಹೊತ್ತು ಊಟ ಅಂದ್ರು. ಎಲ್ಲಿಗೆ ಅಂತ ಕೇಳಲಿಲ್ಲ, ಎಷ್ಟು ದಿನ ಅಂತ ಕೇಳಲಿಲ್ಲ. ಹೊಟ್ಟಿ ತುಂಬಿದಾಗ ಕೇಳೂ ಮಾತು ಹೊಟ್ಟಿ ಖಾಲಿ ಇದ್ದಾಗ ಬಾಯಿಗೆ ಬರಂಗಿಲ್ರಿ."

ಅದನ್ನು ಅನುವಾದಿಸಲು ನನಗೆ ಎರಡು ಸಲ ಬೇಕಾಯಿತು.

ಹತ್ತು ಗಂಟೆ ಐವತ್ತು ನಿಮಿಷಕ್ಕೆ ನಮ್ಮ ಮನೆಗೆ ಹೋಗಿ ಊರಿಗೆ ಫೋನು ಮಾಡಿದೆ. ವಾರ್ಡನ್ ಹುಡುಗಿ, "ನೀವು ಹೇಳಿದ ಮೇಲೆ ಮುಗೀತು ಮೇಡಂ. ಎರಡರಲ್ಲಿ ಒಂದು ಜಾಗ ಖಾಲಿ ಇದೆ. ವಿಳಾಸ ಕೊಡಿ, ನಾನೇ ಹೋಗಿ ಕರ್ಕೊಂಡು ಬರ್ತೀನಿ," ಎಂದಳು. ನಾಲ್ಕು ನಿಮಿಷ ಹಿಡಿಯಿತು. ಈ ನಾಲ್ಕು ನಿಮಿಷವನ್ನು ನಾನು ಮೂರು ತಿಂಗಳು ಕೊಟ್ಟಿರಲಿಲ್ಲ.

ಗುರುವಾರ ಅವಳ ಫೋನು ಬಂತು. ಹುಡುಗಿ ಹಾಸ್ಟೆಲ್ ತಲುಪಿದ್ದಳು. ಕೈ ತುಂಬ ಪಾತ್ರೆ ಉಜ್ಜಿದ ಬಿರುಕು. ಶಾಲೆ ಬಿಡಿಸಿದ್ದರಂತೆ. ಯಾವಾಗ ಎಂದೆ. ಜನವರಿ ಕೊನೆಯ ವಾರ ಎಂದಳು. ನಾನು ಜಾತಿ ಪತ್ರ, ಆದಾಯ ಪತ್ರ ಎಂದು ಹೇಳಿದ ಮಾರನೇ ವಾರ. ಐದನೇ ತರಗತಿಯ ಒಂದು ವರ್ಷ ಅವಳಿಗೆ ಹೋಯಿತು.

ಆ ಸಂಸಾರ ಬೇಸಿಗೆಯಲ್ಲಿ ಮನೆ ಖಾಲಿ ಮಾಡಿತು. ಮುಂದೆ ಅವರ ಮೇಲೆ ಏನು ಕ್ರಮ ಆಯಿತೋ ನನಗೆ ತಿಳಿಯದು. ಅಕ್ಕ ಕೆಲವು ವಾರ ಕೊಮ್ಯೂನ್‌ನವರು ಕೊಟ್ಟ ಕೋಣೆಯಲ್ಲಿದ್ದು ಊರಿಗೆ ಹೋದಳು. ಹೊರಡುವ ದಿನ ಮೊಮ್ಮಗ ಕಾಲು ಹಿಡಿದು ಅತ್ತ. ಆಕೆ ನನ್ನ ಕೈ ಹಿಡಿದು, "ಮಷೀನ್ ಅರ್ಧ ಕೊಟ್ರಿ ಅಮ್ಮಾರೆ, ದೊಡ್ಡ ಉಪಕಾರ," ಎಂದಳು. ಜನವರಿಯ ಮಾತು ಎತ್ತಲಿಲ್ಲ. ಎತ್ತಿದ್ದರೆ ನನಗೆ ಸ್ವಲ್ಪ ಹಗುರವಾಗುತ್ತಿತ್ತು.

ಅದೇ ಹಾಸ್ಟೆಲ್‌ನಲ್ಲಿ ಆಕೆಗೆ ಅಡುಗೆ ಕೆಲಸ ಸಿಕ್ಕಿತು. ಹೋದ ವರ್ಷ ವಾರ್ಡನ್ ಪತ್ರ ಬರೆದಿದ್ದಳು. "ಮೇಡಂ, ನಿಮ್ಮ ವೇಳಾಪಟ್ಟಿಯಲ್ಲಿ ಒಂದು ಬದಲಾವಣೆ ಆಗಿದೆ, ಬೈಯಬೇಡಿ. ಒಂದು ಗಂಟೆಗೆ ಮೊದಲ ಗಂಟೆ, ಒಂದೂ ಕಾಲಿಗೆ ಎರಡನೇದು. ಈಗ ಒಂದೂವರೆಗೆ ಮೂರನೇ ಗಂಟೆ ಹೊಡೆಯುತ್ತಾರೆ. ಆಗ ಅಡುಗೆಯವರು, ಕಸ ಗುಡಿಸುವವರು, ನೀರು ಹೊರುವವರು ಎಲ್ಲ ಸಾಲಾಗಿ ಕೂತು ಉಣ್ಣಬೇಕು. ನಿಂತು ಉಣ್ಣುವಂತಿಲ್ಲ. ದೊಡ್ಡ ಹುಡುಗಿಯರು ಬಡಿಸುತ್ತಾರೆ. ಸ್ವೀಡನ್ನಿನಿಂದ ಬಂದ ಅಕ್ಕ ಹಟ ಹಿಡಿದು ಮಾಡಿಸಿದ್ದು."

ಆ ಪತ್ರಕ್ಕೆ ನಾನು ಉತ್ತರ ಬರೆಯಲಿಲ್ಲ. ಇಪ್ಪತ್ತೊಂಬತ್ತು ವರ್ಷ ನನ್ನ ಕಣ್ಣಿಗೆ ಬೀಳದ ತೂತನ್ನು ಆಕೆ ಬೆಂಚಿನ ಮೇಲೆ ಕೂತು, ಕಣ್ಣು ಮುಚ್ಚಿಕೊಂಡೇ ಕಂಡುಹಿಡಿದಿದ್ದಳು.

ನಿನ್ನೆ ಫೋನಿನಲ್ಲಿ ಹುಡುಗಿಯನ್ನು ಕೇಳಿದೆ, ಕೇಳಬಾರದಿತ್ತು. "ನನ್ನ ಬಗ್ಗೆ ಏನಾದ್ರೂ ಹೇಳಿದ್ಲಾ?"

"ಇಲ್ರಿ," ಎಂದಿತು ಮಗು, ಸುಳ್ಳು ಬಾರದ ದನಿಯಲ್ಲಿ. "ಅಲ್ಲಿ ಒಬ್ಬ ಸಣ್ಣ ಹುಡುಗ ಇದ್ನಂತಲ್ರಿ, ಅವ ಈಗ ಸರಿಯಾಗಿ ಉಣ್ತಾನೇನು ಅಂತ ಕೇಳ್ತಿದ್ಲು. ಮತ್ತ ಆ ಬಿಳಿ ಅಜ್ಜಿ ಕಾರ್ಡ್ ಕಳಿಸ್ತಿದ್ರಲ್ಲ, ಅವು ಅಡಗಿ ಮನಿ ಗ್ವಾಡಿ ಮ್ಯಾಲ ಅದಾವ್ರಿ."

ಮೂರನೇ ಮಹಡಿಯವರು ಪ್ರತಿ ಕ್ರಿಸ್‌ಮಸ್‌ಗೆ ಕಾರ್ಡ್ ಕಳಿಸುತ್ತಿದ್ದರಂತೆ. ವಿಳಾಸವನ್ನು ನನ್ನಿಂದಲೇ ಬರೆಸಿಕೊಂಡಿದ್ದರು. ನಾನು ಒಂದೂ ಕಳಿಸಿರಲಿಲ್ಲ. ಇಂದು ಬೆಳಿಗ್ಗೆ ಒಗೆಯುವ ಕೋಣೆಯಲ್ಲಿ ಅವರಿಗೆ ಸುದ್ದಿ ಹೇಳಿದೆ. ಅವರು ಮೂರು ಬಟ್ಟಲಿಗೆ ಕಾಫಿ ಸುರಿದು, ಒಂದನ್ನು ಬೆಂಚಿನ ತುದಿಯಲ್ಲಿಟ್ಟರು. ಹಾಗೆ ಮಾಡುವುದು ನನಗೆ ಹೊಳೆದಿರಲಿಲ್ಲ.

ಮಧ್ಯಾಹ್ನ ಎರಡಕ್ಕೆ ಸಭಾಂಗಣದಲ್ಲಿ ರಾಜ್ಯೋತ್ಸವ. ಹಾಡು, ಭಾಷಣ, ಎರಡು ಪಂಕ್ತಿ ಊಟ. ಎರಡನೇ ಪಂಕ್ತಿ ಎದ್ದ ಮೇಲೆ ನಾನು ಸೌಟು ತೆಗೆದುಕೊಂಡು ಸ್ಟೀಲ್ ತಟ್ಟೆಗೆ ಬಡಿದೆ.

"ಯಾಕ್ ಆಂಟಿ, ಎಲ್ಲರದೂ ಆಯ್ತಲ್ಲ?"

"ಬಡಿಸಿದವರದು ಆಗಿಲ್ಲ. ಕೂತ್ಕೊಳ್ಳಿ."

"ನಾವು ನಿಂತ್ಕೊಂಡೇ ಏನೋ ತಿಂದ್ಬಿಡ್ತೀವಿ ಬಿಡಿ."

"ಕೂತ್ಕೊಳ್ಳಿ ಅಂದೆ."

"ಆಂಟಿ ಹಾಸ್ಟೆಲ್ ಶುರು ಮಾಡಿದ್ರು ನೋಡ್ರಪ್ಪಾ," ಎಂದು ಯಾರೋ ನಕ್ಕರು. ನಗಲಿ. ನಾಲ್ಕು ಹೆಂಗಸರು, ಒಬ್ಬ ಹುಡುಗ ಕೂತರು. ನಾನು ಬಡಿಸಿದೆ. ಆ ಹುಡುಗ ಊರಿಂದ ಹೊಸದಾಗಿ ಬಂದವನು, ಯಾರದೋ ಮನೆಯಲ್ಲಿದ್ದಾನಂತೆ. ಎರಡನೇ ಸಲ ಅನ್ನ ಕೇಳಲು ಹಿಂದೆ ಮುಂದೆ ನೋಡಿದ. ಹಾಕಿದೆ. ಯಾಕೆ ಎಂದು ಕೇಳಲಿಲ್ಲ. ಯಾರ ಮನೆಯಲ್ಲಿದ್ದಾನೆ ಎಂದು ಮಾತ್ರ ಕೇಳಿ, ವಿಳಾಸ ಬರೆದುಕೊಂಡೆ.

ಪಟ್ಟಿಯಲ್ಲಿ ನೆಲ ಒರೆಸುವ ಸಾಲಿಗೆ ಈ ಸಲ ನನ್ನ ಹೆಸರು ಹಾಕಿಕೊಂಡಿದ್ದೆ. ಐದೂವರೆಗೆ ಎಲ್ಲರೂ ಹೋದರು. ಬಾಗಿಲ ಕಡೆಯಿಂದ ಒರೆಸತೊಡಗಿದೆ. ಏಳು ವರ್ಷದ ಮೊಮ್ಮಗ ಕುರ್ಚಿಯ ಮೇಲೆ ಕಾಲಾಡಿಸುತ್ತ ಕೂತಿದ್ದ.

"ನೇಯ್, ಹಾಗಲ್ಲ ಅಜ್ಜಿ," ಎಂದ. "ಅಕ್ಕ ಅಲ್ಲಿಂದ ಶುರು ಮಾಡ್ತಿದ್ರು. ಆ ಮೂಲೆಯಿಂದ. ಆಗ ಹೆಜ್ಜೆ ಬೀಳಲ್ಲ."

ತಿರುಗಿ ನೋಡಿದೆ. ಒರೆಸಿದ ಜಾಗದ ಮೇಲೆ ನನ್ನದೇ ಹೆಜ್ಜೆಗಳು ಸಾಲಾಗಿದ್ದವು. ಎರಡೂವರೆ ವರ್ಷದ ಹಿಂದಿನದನ್ನು ಹುಡುಗ ನೆನಪಿಟ್ಟಿದ್ದಾನೆ. ನಾನು ಕಲಿಸಿದ ಯಾವುದನ್ನು ಇಷ್ಟು ಚೆನ್ನಾಗಿ ನೆನಪಿಟ್ಟಿದ್ದಾನೋ ಗೊತ್ತಿಲ್ಲ.

ನೀರು ಬದಲಿಸಿ, ಆ ಮೂಲೆಗೆ ಹೋಗಿ, ಮೊದಲಿನಿಂದ ಒರೆಸಿದೆ. ಹೆಜ್ಜೆ ಬೀಳಲಿಲ್ಲ. ಬಟ್ಟೆ ಹಿಂಡಿ, ಕೋಲನ್ನು ಗೋಡೆಗೆ ತೂಗುಹಾಕಿ, ದೀಪ ಆರಿಸಿ, ಆರು ಗಂಟೆ ಹತ್ತು ನಿಮಿಷಕ್ಕೆ ಬೀಗದ ಕೈಯನ್ನು ಬಾಗಿಲ ಪಕ್ಕದ ಡಬ್ಬಿಗೆ ಹಾಕಿದೆ.